ಲಾಂಗಿಟ್ಯೂಡಿನಲ್ ಡಾಕ್ಯುಮೆಂಟರಿ ಅಂದರೆ ಏನು?

ಒಬ್ಬರ ಹಿಂದೆ ವರ್ಷಗಟ್ಟಲೆ ಕ್ಯಾಮೆರಾ ಹಿಡಿದು ಓಡಾಡಿ, ಅವರ ಬದುಕು ಎತ್ತ ತಿರುಗಿತೋ ಅದನ್ನೇ ಸಿನಿಮಾ ಮಾಡುವುದು. ಕಥೆ ಮೊದಲೇ ಬರೆದಿರುವುದಿಲ್ಲ. ಕೊನೆ ಏನಾಗುತ್ತದೆ ಅಂತ ನಿರ್ದೇಶಕರಿಗೂ ಗೊತ್ತಿರುವುದಿಲ್ಲ. ಬ್ರಿಟನ್ನಿನ 'ಅಪ್' ಸರಣಿ ಇದರಲ್ಲಿ ಹೆಸರುವಾಸಿ. 1964ರಲ್ಲಿ ಏಳು ವರ್ಷದವರಾಗಿದ್ದ ಮಕ್ಕಳನ್ನು ಏಳೇಳು ವರ್ಷಕ್ಕೊಮ್ಮೆ ಮಾತಾಡಿಸುತ್ತಾ ಅದು 2019ರವರೆಗೂ ಬಂತು. ಮುಂಬೈಯ ಡಾಕ್ಯುಮೆಂಟರಿ ಚಿತ್ರೋತ್ಸವಕ್ಕೆ ಹೋಗಿಬರುವ ಮಾಟುಂಗಾ, ಡೊಂಬಿವಿಲಿ ಕಡೆಯ ನಮ್ಮ ಕನ್ನಡಿಗರಿಗೆ ಈ ಹೆಸರು ಹೊಸದೇನಲ್ಲ. ಆದರೆ ಇಂಥ ಸಿನಿಮಾ ಯಾಕೆ ಬೇಕು ಅನ್ನುವುದು ಚೆನ್ನಾಗಿ ಅರ್ಥವಾಗುವುದು ಅದು ವ್ಯಸನಿಗಳ ಕಡೆ ತಿರುಗಿದಾಗ.

ಲೋಕಲ್ ಸ್ಟೇಷನ್ನಿನ ಸೇತುವೆ ಕೆಳಗೆ ಮಂಡಿ ಮಡಚಿ ಕೂತ ಹುಡುಗ. ಕೈಯಲ್ಲಿ ಬೆಳ್ಳಿ ಕಾಗದ, ಅದರಡಿ ಲೈಟರ್, ಬಾಯಲ್ಲೊಂದು ಕೊಳವೆ. ಗರ್ದ್, ಅಂದರೆ ಬ್ರೌನ್ ಶುಗರ್ ಅನ್ನುವ ಕಲಬೆರಕೆ ಹೆರಾಯಿನ್. 'ಗರ್ದುಲ್ಲಾ' ಅಂತ ಗೊಣಗಿ ಜನ ಆಚೆ ಸರಿದು ಹೋಗುತ್ತಾರೆ. ನಾವೂ ಅಷ್ಟೇ ಅಲ್ವಾ? ಎರಡು ದಿನಕ್ಕೆ ಬರುವ ಟಿವಿಯವರಿಗೆ ಸಿಗುವುದು ಇದೊಂದೇ ಚಿತ್ರ. ಅವರೇ ಪುಣೆಯ ಮುಕ್ತಾಂಗಣದಂಥ ವ್ಯಸನ ಬಿಡಿಸುವ ಕೇಂದ್ರಕ್ಕೆ ಹೋದರೆ 'ಬಿಟ್ಟೆ ಸಾರ್, ಇನ್ನು ಮುಟ್ಟಲ್ಲ' ಅನ್ನುವವರು ಸಿಗುತ್ತಾರೆ. ಎರಡೂ ಸುಳ್ಳಲ್ಲ. ಆದರೆ ವ್ಯಸನ ಅಲ್ಲಿಗೆ ಮುಗಿಯುವಂಥದ್ದಲ್ಲ. ಬಿಟ್ಟವರು ಮತ್ತೆ ಜಾರುತ್ತಾರೆ, ಮತ್ತೆ ಬಿಡುತ್ತಾರೆ. ಚಿಕಿತ್ಸೆ ಪಡೆದವರಲ್ಲಿ 40ರಿಂದ 60 ಶೇಕಡಾ ಮಂದಿ ಮರಳಿ ಜಾರುತ್ತಾರೆ ಅನ್ನುತ್ತದೆ ವ್ಯಸನದ ಬಗ್ಗೆ ಸಂಶೋಧನೆ ಮಾಡುವ ಅಮೆರಿಕದ ಸರ್ಕಾರಿ ಸಂಸ್ಥೆ ನೈಡಾ. ಆ ಹೋಗಿಬರುವಿಕೆ ಎರಡು ದಿನದ ಶೂಟಿಂಗಿಗೆ ಸಿಗುವುದಾದರೂ ಹೇಗೆ?

ಜೆಕ್ ನಿರ್ದೇಶಕಿ ಹೆಲೆನಾ ತ್ರೆಶ್ತೀಕೋವಾ ಇದನ್ನು ಹಟ ಹಿಡಿದು ಮಾಡಿದವರು. 'ಕಾಟ್ಕಾ' (2010) ಸಿನಿಮಾಕ್ಕೆ ಡ್ರಗ್ಸ್‌ಗೆ ಬಿದ್ದ ಒಬ್ಬ ಹುಡುಗಿಯನ್ನು 14 ವರ್ಷ ಚಿತ್ರೀಕರಿಸಿದರು. ಶುರುವಿನಲ್ಲಿ ಅವಳಿಗೆ ಹತ್ತೊಂಬತ್ತು, ಬಿಟ್ಟುಬಿಡುವ ಆಸೆಯೂ ಇದೆ. ದೃಶ್ಯದಿಂದ ದೃಶ್ಯಕ್ಕೆ ಮುಖ ಸೊರಗುತ್ತದೆ. ನಡುವೆ ಬಸುರಿಯಾಗುತ್ತಾಳೆ. ಇನ್ನಾದರೂ ದಾರಿಗೆ ಬರುತ್ತಾಳೆ ಅಂತ ನಮಗೂ ಅನ್ನಿಸುತ್ತದೆ, ಆದರೆ ಮಗು ಅವಳ ಹತ್ತಿರ ಉಳಿಯುವುದಿಲ್ಲ. ಅವರದೇ 'ಮ್ಯಾಲರಿ' (2015) ಬೇರೆ ದಾರಿ ಹಿಡಿದವಳ ಕಥೆ. ಮಗ ಹುಟ್ಟಿದ ಮೇಲೆ ಆಕೆ ಡ್ರಗ್ಸ್ ಬಿಟ್ಟಳು. ಹಾಗಂತ ಬದುಕು ಸುಲಭವಾಗಲಿಲ್ಲ, ಮನೆಯಿಲ್ಲದೆ ಅಲೆದಳು. ನನಗೆ ಕೇಳಿದರೆ ಎರಡನ್ನೂ ಒಟ್ಟಿಗೆ ನೋಡಬೇಕು. ಒಂದನ್ನೇ ನೋಡಿದರೆ ಕೈಚೆಲ್ಲುತ್ತೇವೆ, ಇಲ್ಲವೇ ಸುಮ್ನೆ ಖುಷಿಪಡುತ್ತೇವೆ.

ಇಷ್ಟು ವರ್ಷ ಜೊತೆಗಿದ್ದರೆ ಸಂಬಂಧ ಬೆಳೆಯುತ್ತದೆ, ತಕರಾರೂ ಬೆಳೆಯುತ್ತದೆ. ಜೈಲಿಗೆ ಹೋಗಿಬರುತ್ತಿದ್ದ ಕಳ್ಳನೊಬ್ಬನ ಮೇಲೆ ಇದೇ ನಿರ್ದೇಶಕಿ 'ರೆನೆ' (2008) ಮಾಡಿದರು. ಆ ಪುಣ್ಯಾತ್ಮ ನಡುವೆ ಅವರ ಮನೆಗೇ ಕನ್ನ ಹಾಕಿದ! ವ್ಯಸನಿಗಳ ವಿಷಯದಲ್ಲಿ ಪೇಚು ಇನ್ನೂ ಜಾಸ್ತಿ. ಹಸಿವು ಅಂತ ಕೈಯೊಡ್ಡಿದಾಗ ದುಡ್ಡು ಕೊಟ್ಟರೆ ಅದು ಪುಡಿಗೆ ಹೋಗಬಹುದು. ಕೊಡದಿದ್ದರೆ ಸುಮ್ಮನೆ ನಿಂತು ನೋಡಿದಂತೆ. ಅಮಲಿನಲ್ಲಿ 'ತೆಗೀರಿ, ಪರವಾಗಿಲ್ಲ' ಅಂದದ್ದನ್ನು ಒಪ್ಪಿಗೆ ಅನ್ನುವುದೂ ಕಷ್ಟ. ಅದಕ್ಕೇ ಅಮಲಿಳಿದ ಮೇಲೆ ಮತ್ತೆ ಕೇಳಬೇಕು, ಸಿನಿಮಾ ಮುಗಿದಾಗ ತೋರಿಸಿ ಇನ್ನೊಮ್ಮೆ ಕೇಳಬೇಕು.

ನಮ್ಮ ದೇಶದಲ್ಲಿ ಇದರ ಜೊತೆಗೆ ಕಾನೂನಿನ ತೊಡಕೂ ಇದೆ. ಮಾದಕ ವಸ್ತುಗಳ ಮೇಲಿನ 1985ರ ಎನ್‌ಡಿಪಿಎಸ್ ಕಾಯ್ದೆಯ 27ನೇ ಕಲಮಿನಡಿ ಹೆರಾಯಿನ್ ಸೇದುವುದೇ ಅಪರಾಧ, ಒಂದು ವರ್ಷದವರೆಗೆ ಜೈಲಾಗಬಹುದು. ತಾನಾಗಿ ಚಿಕಿತ್ಸೆಗೆ ಬಂದ ವ್ಯಸನಿಗೆ 64ಎ ಕಲಮು ರಕ್ಷಣೆ ಕೊಡುತ್ತದೆ ನಿಜ. ಆದರೆ ಸೇತುವೆ ಕೆಳಗೆ ತೆಗೆದ ಆ ದೃಶ್ಯ ಪೊಲೀಸರ ಕೈಗೂ ಸಿಗಬಹುದಲ್ಲ? ಹಾಗಾಗಿ ಇಲ್ಲಿ ಇಂಥ ಸಿನಿಮಾ ಮಾಡಹೊರಟವರು ಕ್ಯಾಮೆರಾಗಿಂತ ಮೊದಲು ವಕೀಲರನ್ನು ಹುಡುಕುವುದು ಒಳ್ಳೆಯದು.