ಡೆಕ್ಕಿನ ಪಟ್ಟಿ ಹೊಟ್ಟೆ ಬಿಡುವುದು ಯಾಕೆ?

ಕಲಬುರಗಿಯಲ್ಲಿ ಮಾಳಿಗೆ ಮೇಲೆ ಡೆಕ್ ಹಾಕಿಸಬೇಕು ಅಂದರೆ ಸಾಮಾನ್ಯವಾಗಿ ಬಾಕ್ಸ್ ಪೈಪಿನ ಚೌಕಟ್ಟು, ಅದರ ಮೇಲೆ ಕಟ್ಟಿಗೆಯಂತೆ ಕಾಣುವ ಕಾಂಪೊಸಿಟ್ ಹಲಗೆ. ಹಲಗೆ ಆರಿಸುವಾಗ ಮನೆಮಂದಿಯೆಲ್ಲ ತಲೆ ಕೆಡಿಸಿಕೊಳ್ಳುತ್ತಾರೆ. ಆದರೆ ಅಂಚಿನಲ್ಲಿ ಪೈಪು ಕಾಣದ ಹಾಗೆ ನೆಟ್ಟಗೆ ನಿಲ್ಲಿಸಿ ಹೊಡೆಯುವ ಪಟ್ಟಿ ಇದೆಯಲ್ಲ, ಫೇಸಿಯಾ, ಅದನ್ನು ಯಾರೂ ಕೇಳುವುದಿಲ್ಲ. "ಅದನ್ನ ಕೊನೆಗೆ ಹೊಡದ್ರಾಯ್ತು" ಅಂತ ಮಿಸ್ತ್ರಿಗೆ ಬಿಟ್ಟುಬಿಡುತ್ತೇವೆ. ನಮ್ಮ ಬಿಸಿಲಿಗೆ ಮೊದಲು ಕೆಡುವುದು ಅದೇ.

ಕಾಂಪೊಸಿಟ್ ಅಂದರೆ ಕಟ್ಟಿಗೆಯ ಪುಡಿ ಮತ್ತು ಪ್ಲಾಸ್ಟಿಕ್ ಕಾಯಿಸಿ ಬೆರೆಸಿ ಅಚ್ಚಿನಿಂದ ಒತ್ತಿ ತೆಗೆದ ಹಲಗೆ. ಹೊರಗಡೆ ಬಳಸುವುದರಲ್ಲಿ ಸಾಮಾನ್ಯವಾಗಿ ಇರುವುದು ಎಚ್‌ಡಿಪಿಇ ಪ್ಲಾಸ್ಟಿಕ್. ಕಟ್ಟಿಗೆಯ ನಾರು ಉದ್ದಕ್ಕೆ ಹಿಗ್ಗುವುದು ತೀರಾ ಕಡಿಮೆ, ಯಾಕೆಂದರೆ ಅದರೊಳಗಿನ ಸೆಲ್ಯುಲೋಸ್ ಎಳೆಗಳನ್ನು ಉದ್ದಕ್ಕೂ ಗಟ್ಟಿ ಬಂಧಗಳೇ ಹಿಡಿದಿವೆ. ಪ್ಲಾಸ್ಟಿಕ್ಕಿನ ಸರಪಳಿಗಳ ನಡುವೆ ಅಂಥ ಹಿಡಿತ ಇಲ್ಲ, ಸ್ವಲ್ಪ ಬಿಸಿ ತಾಕಿದರೆ ಸಾಕು, ಒಂದರಿಂದ ಒಂದು ದೂರ ಸರಿಯುತ್ತವೆ. ಒಂದು ಮೀಟರ್ ಉದ್ದದ ತುಂಡಿಗೆ 10 ಡಿಗ್ರಿ ಬಿಸಿ ಏರಿದರೆ ಉಕ್ಕು ಸುಮಾರು 0.12 ಮಿ.ಮೀ. ಹಿಗ್ಗುತ್ತದೆ, ಬರೀ ಎಚ್‌ಡಿಪಿಇ 1 ಮಿ.ಮೀ.ಗಿಂತ ಜಾಸ್ತಿ, ಕಾಂಪೊಸಿಟ್ ಇವೆರಡರ ನಡುವೆ, ಹೆಚ್ಚುಕಡಿಮೆ 0.4. ಅಂದರೆ ಹಿಂದಿನ ಪೈಪಿಗಿಂತ ಮುಂದಿನ ಪಟ್ಟಿ ಮೂರು ಪಟ್ಟು ಹಿಗ್ಗುತ್ತದೆ. ಮೇಲಾಗಿ ಪೈಪು ನೆರಳಲ್ಲಿ, ಪಟ್ಟಿ ಬಿಸಿಲಲ್ಲಿ.

ನಮ್ಮ ಎರೆಭೂಮಿ ಮಳೆಗೆ ಉಬ್ಬಿ ಬೇಸಿಗೆಗೆ ಬಿರಿಯುತ್ತದೆ, ಅಲ್ವಾ? ಇದೂ ಹಾಗೇ, ಆದರೆ ಇಲ್ಲಿ ಆಟ ಮುಖ್ಯವಾಗಿ ಬಿಸಿಯದು.

ಬಿಸಿಲು ಬೀಳುವ ಲೆಕ್ಕ ಇನ್ನೂ ಮಜವಾಗಿದೆ. ಕಲಬುರಗಿ ಇರುವುದು ಸುಮಾರು 17.3 ಡಿಗ್ರಿ ಉತ್ತರ ಅಕ್ಷಾಂಶದಲ್ಲಿ. ಮೇ ತಿಂಗಳ 2ನೇ ವಾರದ ಹೊತ್ತಿಗೆ ಮಧ್ಯಾಹ್ನ ಸೂರ್ಯ ಸರಿಯಾಗಿ ನೆತ್ತಿಯ ಮೇಲೆ ಬರುತ್ತಾನೆ. ಆಗ ಸುಡುವುದು ಮಲಗಿದ ಹಲಗೆ, ನಿಂತ ಪಟ್ಟಿಗೆ ನೇರ ಬಿಸಿಲು ತಾಗುವುದೇ ಇಲ್ಲ ಅನ್ನಬಹುದು. ನಾಲ್ಕು ಗಂಟೆಯ ಹೊತ್ತಿಗೆ ಪಡುವಣ ಮುಖದ ಪಟ್ಟಿಯ ಸರದಿ. ಗಾಳಿಯೇ 42 ಡಿಗ್ರಿ ಇರುವಾಗ ಗಾಢ ಕಂದು ಪಟ್ಟಿಯ ಮೈ 60 ದಾಟುತ್ತದೆ. ಡಿಸೆಂಬರಿನಲ್ಲಿ ಸೂರ್ಯ ದಕ್ಷಿಣಕ್ಕೆ ವಾಲಿರುತ್ತಾನೆ, ಆಗ ಬಿಸಿಲು ತಿನ್ನುವುದು ತೆಂಕಣ ಮುಖ. ಹಾಗಾಗಿ ಒಂದೇ ಡೆಕ್ಕಿನ ನಾಲ್ಕು ಬದಿಯ ಪಟ್ಟಿಗಳು ನಾಲ್ಕು ಥರ ವರ್ತಿಸುತ್ತವೆ.

ಈಗ ಸ್ಕ್ರೂ ಹತ್ತಿರ ಬನ್ನಿ. ಎರಡು ಸ್ಕ್ರೂಗಳ ನಡುವೆ 400 ಮಿ.ಮೀ. ಅಂತರ ಇದೆ, ಎರಡನ್ನೂ ಅಲ್ಲಾಡದ ಹಾಗೆ ಬಿಗಿದಿದ್ದಾರೆ ಅಂದುಕೊಳ್ಳಿ. ಪಟ್ಟಿ 40 ಡಿಗ್ರಿ ಬಿಸಿಯೇರಿದರೆ ಆ ತುಂಡು ಹಿಗ್ಗುವುದು 0.64 ಮಿ.ಮೀ. ಅಷ್ಟೇ. ಇಷ್ಟಕ್ಕೆ ಏನಾಗುತ್ತೆ ಅನ್ನಿಸುತ್ತದೆ. ಆದರೆ ಅಕ್ಕಪಕ್ಕ ಜಾಗ ಇಲ್ಲದಾಗ ಅದು ಹೊರಕ್ಕೆ ಬಾಗಲೇಬೇಕು, ಬಾಗಿದ ಕಮಾನಿನ ಲೆಕ್ಕ ಹಾಕಿದರೆ ನಡುಮಧ್ಯ ಹೊಟ್ಟೆ ಹೆಚ್ಚುಕಡಿಮೆ 10 ಮಿ.ಮೀ. ಬರುತ್ತದೆ! ಕೂದಲೆಳೆಗಳಷ್ಟು ಉದ್ದ ಹೆಚ್ಚಾದದ್ದಕ್ಕೆ ಒಂದು ಸೆಂಟಿಮೀಟರ್ ಉಬ್ಬು. ನಿಜದಲ್ಲಿ ಸ್ಕ್ರೂ ಒಂಚೂರು ವಾಲುತ್ತದೆ, ತೂತು ಒಂಚೂರು ಹಿಗ್ಗುತ್ತದೆ, ಉಬ್ಬು ಅಷ್ಟು ಕಾಣುವುದಿಲ್ಲ. ಆದರೂ ಸಂಜೆ ಪಕ್ಕದಿಂದ ಕಣ್ಣು ಹಾಯಿಸಿದರೆ ಅಲೆಅಲೆಯಾಗಿ ಕಾಣುತ್ತದೆ. ಡೆಕ್ಕಿನ ಹಲಗೆ 20–25 ಮಿ.ಮೀ. ದಪ್ಪ, ಅದು ತಡೆದುಕೊಳ್ಳುತ್ತದೆ. ಫೇಸಿಯಾ ಸಾಮಾನ್ಯವಾಗಿ 12 ಮಿ.ಮೀ. ಆಸುಪಾಸು, ಬಾಗುವುದು ಸುಲಭ.

ಅದಕ್ಕೇ ಬಿಗಿಯಾಗಿ ಹೊಡೆಯಬಾರದು. ನಮ್ಮ ಬಡಿಗರಿಗೆ ಇದು ಒಪ್ಪಿಸುವುದೇ ಕಷ್ಟದ ಕೆಲಸ, ಸಡಿಲ ಬಿಟ್ಟರೆ ಅವರ ಕೈಗೆ ಅವಮಾನ ಮಾಡಿದ ಹಾಗೆ! ಪಟ್ಟಿಯ ನಡುಮಧ್ಯ ಒಂದು ಸಾಲು ಸ್ಕ್ರೂ ಮಾತ್ರ ಗಟ್ಟಿ, ಉಳಿದ ಕಡೆಯೆಲ್ಲ ಪಟ್ಟಿಯಲ್ಲಿ ತೂತು ದೊಡ್ಡದು. 8ನೇ ನಂಬರಿನ ಸ್ಕ್ರೂ ಸುಮಾರು 4 ಮಿ.ಮೀ. ದಪ್ಪ ಇದ್ದರೆ ಪಟ್ಟಿಗೆ 10 ಮಿ.ಮೀ. ತೂತು ಹೊಡೆಯಿರಿ, ಹಿಂದಿನ ಪೈಪಿನಲ್ಲಿ ಮಾತ್ರ ಸ್ಕ್ರೂ ಕಚ್ಚಿಕೊಳ್ಳಲಿ. ತೂತು ಮುಚ್ಚುವಷ್ಟು ಅಗಲ ತಲೆಯ ಸ್ಕ್ರೂ ಬೇಕು, ಇಲ್ಲದಿದ್ದರೆ ವಾಷರ್. ಅದು ಪಟ್ಟಿಗೆ ತಾಗಿದ ಕೂಡಲೇ ಡ್ರಿಲ್ ನಿಲ್ಲಿಸಬೇಕು. ಹೀಗೆ ಮಾಡಿದರೆ 12 ಫೂಟಿನ ಪಟ್ಟಿ ನಡುವಿನಿಂದ ಎರಡೂ ಕಡೆ ಸುಮಾರು 3 ಮಿ.ಮೀ. ಆರಾಮಾಗಿ ಸರಿಯುತ್ತದೆ. ಬರೀ ಗೋಂದು ಹಚ್ಚಿ ಮೊಳೆ ಹೊಡೆಯುವ ಶಾರ್ಟ್‌ಕಟ್ ಬೇಡವೇ ಬೇಡ.

ಕೊಳ್ಳುವಾಗ ಒಂದು ಎಚ್ಚರ. ಅಂಗಡಿಯಲ್ಲಿ ಡಬ್ಲ್ಯೂಪಿಸಿ (ಕಟ್ಟಿಗೆ-ಪ್ಲಾಸ್ಟಿಕ್ ಕಾಂಪೊಸಿಟ್ಟಿನ ಇಂಗ್ಲಿಷ್ ಚುಟುಕು ಹೆಸರು) ಅಂತ ಕೇಳಿದರೆ ಅಡುಗೆಮನೆ ಕಪಾಟಿಗೆ, ಬಚ್ಚಲ ಬಾಗಿಲಿಗೆ ಬಳಸುವ ಹಗುರ ಬೋರ್ಡನ್ನೂ ಅದೇ ಹೆಸರಲ್ಲಿ ಕೊಡುತ್ತಾರೆ. ಅದರಲ್ಲಿ ಇರುವುದು ಬಹುಪಾಲು ನೊರೆಯಂತೆ ಉಬ್ಬಿಸಿದ ಪಿವಿಸಿ. ಒಳಗಡೆಗೆ ಚೆನ್ನಾಗಿದೆ. ಪಿವಿಸಿ ಮೆತ್ತಗಾಗಲು ಶುರುವಾಗುವುದು 80 ಡಿಗ್ರಿ ಆಸುಪಾಸಿನಲ್ಲಿ, ಪಡುವಣ ಬಿಸಿಲಿಗೆ ಅದನ್ನು ಒಡ್ಡುವುದು ಸುಮ್ನೆ ದುಡ್ಡು ದಂಡ. ಹೊರಗಿನ ಬಳಕೆಗೆ ಅಂತಲೇ ಮಾಡಿದ, ಮೇಲೆ ಪ್ಲಾಸ್ಟಿಕ್ ಪದರದ ಹೊದಿಕೆ ಇರುವ ಹಲಗೆ ಕೇಳಿ. ಆ ಹೊದಿಕೆ ಬಣ್ಣ ಮಾಸುವುದನ್ನೂ ನೀರು ಹೀರುವುದನ್ನೂ ತಡೆಯುತ್ತದೆ. ಕೊಯ್ದ ತುದಿಯಲ್ಲಿ ಮಾತ್ರ ಒಳಗಿನ ಕಟ್ಟಿಗೆ ಪುಡಿ ಬಯಲಾಗಿರುತ್ತದೆ, ಆ ತುದಿ ನೀರು ನಿಲ್ಲುವ ಕಡೆ ಬರದಿರಲಿ. ಕೆಳಗೆ ಶಹಾಬಾದ್ ಪರ್ಸಿ (ಚಪ್ಪಡಿ ಕಲ್ಲು) ಇದ್ದರೆ ಪಟ್ಟಿ ಅದಕ್ಕೆ ತಾಗದ ಹಾಗೆ ಒಂದು ಬೆರಳು ಮೇಲಿರಬೇಕು. ಮಳೆ ನೀರು ಹರಿಯಬೇಕು, ಡೆಕ್ಕಿನ ಅಡಿ ಗಾಳಿಯೂ ಆಡಬೇಕು. ಬಣ್ಣ ತಿಳಿಯಾದಷ್ಟೂ ಒಳ್ಳೆಯದು, ಇದ್ದಿಲು ಬಣ್ಣ ಫೋಟೋದಲ್ಲಿ ಚಂದ.

ಪಟ್ಟಿ ಪಟ್ಟಿ ಕೂಡುವಲ್ಲಿ ಎಷ್ಟು ಸಂದು ಬಿಡಬೇಕು ಅನ್ನುವುದಕ್ಕೆ ತಯಾರಕರು ಕೋಷ್ಟಕ ಕೊಟ್ಟಿರುತ್ತಾರೆ, ಅದನ್ನು ನೋಡುವಾಗ ಪಟ್ಟಿಯ ಆಗಿನ ಬಿಸಿ ಲೆಕ್ಕಕ್ಕೆ ತಗೊಳ್ಳಿ. ಜನವರಿಯ ಬೆಳಿಗ್ಗೆ ಹೊಡೆದರೆ ಸಂದು ಜಾಸ್ತಿ ಬೇಕು. ಮೇ ತಿಂಗಳ ಮಧ್ಯಾಹ್ನ, ಕೈ ಇಡಲಾಗದಷ್ಟು ಕಾದ ಪಟ್ಟಿಗೂ ಅಷ್ಟೇ ಸಂದು ಬಿಟ್ಟರೆ ಚಳಿಗಾಲಕ್ಕೆ ಮೂಲೆಯಲ್ಲಿ ಬಾಯಿ ತೆರೆದು ಒಳಗಿನ ಪೈಪು ಕಾಣುತ್ತದೆ. ನನ್ನ ಕೇಳಿದರೆ, ಪಟ್ಟಿಗಳನ್ನು ಹಿಂದಿನ ರಾತ್ರಿಯೇ ಮಾಳಿಗೆಗೆ ಸಾಗಿಸಿ ಸಮ ನೆಲದ ಮೇಲೆ ಮಲಗಿಸಿಟ್ಟು, ಬೆಳಿಗ್ಗೆ ಬಿಸಿಲೇರುವ ಮೊದಲು ಅಳತೆ ತೆಗೆದು ಕೊಯ್ಯಿಸಿ.