ಸಬ್‌ಮರೀನ್ ಹುಡುಕುವ ಮುಂಚೆ ನೀರಿನ ಜ್ವರ ನೋಡಬೇಕು

ನಾನು ಸೋನಾರ್ ಕೆಲಸ, ಅಂದರೆ ನೀರಿನಡಿ ಇರುವುದನ್ನು ಸದ್ದಿನಿಂದ ಹುಡುಕುವ ಕೆಲಸ ಮಾಡಿದವನು ಅಂತ ಗೊತ್ತಾದ ಕೂಡಲೇ ಜನ ಕೇಳುವುದು ಒಂದೇ ಪ್ರಶ್ನೆ: "ಈಗ ಸ್ಯಾಟಲೈಟ್ ಇದೆಯಲ್ಲ, ಮೇಲಿಂದಲೇ ಸಬ್‌ಮರೀನ್ ಕಾಣಲ್ವಾ?" ಕಾಣಲ್ಲ. ಎಷ್ಟೇ ತಿಳಿಯಾದ ಸಮುದ್ರವಾದರೂ 200 ಮೀಟರ್ ಆಳದಲ್ಲಿ ಬೆಳಕು ಹೆಚ್ಚುಕಮ್ಮಿ ಮುಗಿದೇ ಹೋಗಿರುತ್ತದೆ. ರೇಡಾರ್ ಅಲೆಗಳಂತೂ ಉಪ್ಪುನೀರಿನ ಮೇಲ್ಮೈಯಲ್ಲೇ ಸತ್ತುಹೋಗುತ್ತವೆ. ನೀರಿನೊಳಗೆ ದೂರ ಹೋಗಬಲ್ಲದ್ದು ಸದ್ದು ಮಾತ್ರ. ಗಾಳಿಯಲ್ಲಿ ಸೆಕೆಂಡಿಗೆ ಸುಮಾರು 340 ಮೀಟರ್ ಓಡುವ ಸದ್ದು ಸಮುದ್ರದಲ್ಲಿ ಸುಮಾರು 1500 ಮೀಟರ್ ಓಡುತ್ತದೆ.

ಓಡುತ್ತದೆ, ಆದರೆ ನೇರವಾಗಿ ಓಡುವುದಿಲ್ಲ. ತಲೆನೋವೆಲ್ಲ ಇರುವುದು ಇಲ್ಲೇ.

1930ರ ದಶಕದಲ್ಲಿ ಅಮೆರಿಕದ ನೌಕಾಪಡೆಗೆ ಒಂದು ವಿಚಿತ್ರ ಕಾಟ ಶುರುವಾಯಿತು. ಬೆಳಿಗ್ಗೆ ಚೆನ್ನಾಗಿದ್ದ ಸೋನಾರ್ ಮಧ್ಯಾಹ್ನ ಕೈಕೊಡುತ್ತಿತ್ತು. ಯಂತ್ರ ಸರಿಯಿತ್ತು. ಊಟ ಆದ ಮೇಲೆ ಆಪರೇಟರ್‌ಗಳು ತೂಕಡಿಸುತ್ತಾರೇನೋ ಅನ್ನುವ ಅನುಮಾನವೂ ಬಂತು. ವುಡ್ಸ್ ಹೋಲ್ ಸಾಗರ ಸಂಶೋಧನಾ ಸಂಸ್ಥೆಯ ಕೊಲಂಬಸ್ ಇಸೆಲಿನ್ ನೀರಿನ ತಾಪಮಾನ ಅಳೆದು ನೋಡಿದಾಗ ಗುಟ್ಟು ಹೊರಬಿತ್ತು. ಬಿಸಿಲು ಏರಿದಂತೆ ಮೇಲಿನ ಕೆಲವು ಮೀಟರ್ ನೀರು ಬೆಚ್ಚಗಾಗುತ್ತಿತ್ತು. ಒಂದು ಡಿಗ್ರಿ ಏರಿದರೆ ಸದ್ದಿನ ವೇಗ ಸೆಕೆಂಡಿಗೆ ಮೂರ್ನಾಲ್ಕು ಮೀಟರ್ ಜಾಸ್ತಿಯಾಗುತ್ತದೆ. ಸದ್ದಿಗೆ ಒಂದು ಚಾಳಿ ಇದೆ: ಎಲ್ಲಿ ತನ್ನ ವೇಗ ಕಡಿಮೆಯೋ ಆ ಕಡೆಗೆ ಬಾಗುತ್ತದೆ. ಹೀಗಾಗಿ ಸೋನಾರ್ ಮುಂದಕ್ಕೆ ಬಿಟ್ಟ ಪಿಂಗ್, ಅಂದರೆ ಮರುದನಿಗಾಗಿ ಕಳಿಸುವ ಚುಟುಕು ಸದ್ದು, ಕೆಳಗಿನ ತಣ್ಣೀರಿನ ಕಡೆ ಬಾಗಿ, ಎದುರಿಗಿದ್ದ ಸಬ್‌ಮರೀನನ್ನು ಮುಟ್ಟದೆಯೇ ಹೋಗುತ್ತಿತ್ತು. ಪಾಪ, ಆಪರೇಟರ್‌ಗಳದ್ದು ಏನೂ ತಪ್ಪಿರಲಿಲ್ಲ.

ಆದ್ದರಿಂದ ಹೊಸ ಜಾಗಕ್ಕೆ ಬಂದರೆ ನಾವು ಮೊದಲು ಮಾಡುವುದು ನೀರಿನ ಜ್ವರ ನೋಡುವ ಕೆಲಸ. ಗೇಣುದ್ದದ, ಪುಟ್ಟ ಬಾಂಬಿನ ಆಕಾರದ ಒಂದು ಉಪಕರಣ ಇದೆ. ಅದರ ಮೂಗಿನಲ್ಲಿ ತಾಪಮಾನ ಅಳೆಯುವ ಸಂವೇದಕ, ಹೊಟ್ಟೆಯಲ್ಲಿ ಕೂದಲಿನಷ್ಟು ತೆಳು ತಾಮ್ರದ ತಂತಿಯ ಸುರುಳಿ. ಹಡಗಿನ ಹಿಂಭಾಗದಿಂದ ಬೀಳಿಸುತ್ತೇವೆ. ತಂತಿ ಸರಸರ ಬಿಚ್ಚಿಕೊಳ್ಳುತ್ತಾ ಕೆಳಗಿಳಿಯುತ್ತದೆ, ಪರದೆಯ ಮೇಲೆ ಗೆರೆ ಮೂಡುತ್ತದೆ. ಗೆರೆ ಐವತ್ತು ಅರವತ್ತು ಮೀಟರ್‌ವರೆಗೆ ನೆಟ್ಟಗೆ ಇಳಿದು, ಆಮೇಲೆ ಸಟಕ್ಕನೆ ಎಡಕ್ಕೆ, ತಂಪಿನ ಕಡೆಗೆ ವಾಲುತ್ತದೆ. ತಂತಿ ತುಂಡಾಗುತ್ತದೆ, ಉಪಕರಣ ಸಮುದ್ರದ ಪಾಲು. ಆ ವಾಲಿದ ಜಾಗವನ್ನೇ ನಾವು 'ಲೇಯರ್' ಅನ್ನುವುದು. ಮೇಲಿನ ಸದ್ದು ಬಹುಪಾಲು ಮೇಲೇ ಉಳಿಯುತ್ತದೆ, ಕೆಳಗಿನದ್ದು ಕೆಳಗೇ. ಸಬ್‌ಮರೀನ್ ಕ್ಯಾಪ್ಟನ್ನಿಗೂ ಇದು ಗೊತ್ತು. ಅವನೂ ಅಳೆದಿರುತ್ತಾನೆ, ಅಳೆದು ಅದರ ಕೆಳಗೆ ಹೋಗಿ ಕೂತಿರುತ್ತಾನೆ.

ಅವನ ಹಿಂದೆ ನಮ್ಮ ಕಿವಿಯೂ ಕೆಳಗಿಳಿಯಬೇಕು. ಹಡಗಿನ ತಳದ ಸೋನಾರ್ ಸಾಲದೆ ಬಂದಾಗ, ಕೇಬಲ್ಲಿನಲ್ಲಿ ಇನ್ನೊಂದನ್ನು ಲೇಯರ್ ದಾಟಿಸಿ ಎಳೆದುಕೊಂಡು ಹೋಗುತ್ತೇವೆ. ಹೆಲಿಕಾಪ್ಟರ್ ಒಂದೇ ಕಡೆ ನಿಂತು ಸೋನಾರ್ ಇಳಿಬಿಡುತ್ತದೆ. ವಿಮಾನದಿಂದ ಉದುರಿಸುವ ಸೋನೋಬಾಯ್ ನೀರಿಗೆ ಬಿದ್ದ ಮೇಲೆ, ತೇಲುವ ಭಾಗ ಮೇಲಿದ್ದು ರೇಡಿಯೋದಲ್ಲಿ ಸುದ್ದಿ ಕಳಿಸುತ್ತದೆ, ಹೈಡ್ರೋಫೋನ್, ಅಂದರೆ ನೀರಿನೊಳಗಿನ ಮೈಕು, ಕೆಳಗೆ ಇಳಿಯುತ್ತದೆ. ಎಷ್ಟು ಆಳಕ್ಕೆ ಇಳಿಯಬೇಕು ಅನ್ನುವುದನ್ನು ಬೀಳಿಸುವ ಮುಂಚೆಯೇ ಹೊಂದಿಸಿರಬೇಕು. ಲೇಯರ್ ಲೆಕ್ಕ ತಪ್ಪಿದರೆ ಅಷ್ಟೂ ಬಾಯ್‌ಗಳು ದಂಡ.

ಇನ್ನು ಕೇಳುವ ಕೆಲಸ. ಸಮುದ್ರ ಗಪ್‌ಚಿಪ್ ಇರುತ್ತದೆ ಅನ್ನುವುದು ಸುಳ್ಳು. ಬೆಚ್ಚಗಿನ ಆಳ ಕಡಿಮೆಯ ನೀರಿನಲ್ಲಿ ಇಕ್ಕಳದಂಥ ಕೊಂಡಿಯಿಂದ ಚಿಟಿಕೆ ಹೊಡೆಯುವ ಸೀಗಡಿಗಳದ್ದೇ ದರಬಾರು. ಒಣಗಿದ ಕಡ್ಡಿಗಳನ್ನು ಯಾರೋ ಎಡೆಬಿಡದೆ ಮುರಿಯುತ್ತಿದ್ದಾರೆ ಅನ್ನಿಸುತ್ತದೆ. ಇದರ ನಡುವೆ ನಾವು ಹುಡುಕುವುದು ಯಂತ್ರದ ಲಯ. ಪ್ರೊಪೆಲ್ಲರ್ ಸೆಕೆಂಡಿಗೆ ಎರಡು ಸುತ್ತು ತಿರುಗಿ, ಅದಕ್ಕೆ ಐದು ರೆಕ್ಕೆ ಇದ್ದರೆ ಸದ್ದು ತೋರಿಸುವ ಪರದೆಯಲ್ಲಿ 10 ಹರ್ಟ್ಸ್‌ನಲ್ಲಿ, ಅಂದರೆ ಸೆಕೆಂಡಿಗೆ ಹತ್ತು ಬಡಿತದ ಜಾಗದಲ್ಲಿ, ಒಂದು ಗೆರೆ ಬೀಳುತ್ತದೆ. ಶೀತಲ ಸಮರದ ಕಾಲದಲ್ಲಿ ಇನ್ನೊಂದು ಸುಳಿವಿತ್ತು. ಸೋವಿಯತ್ ಸಬ್‌ಮರೀನ್‌ಗಳ ಒಳಗಿನ ವಿದ್ಯುತ್ 50 ಹರ್ಟ್ಸ್, ಅಮೆರಿಕದವರದ್ದು 60. ಹಡಗು ಕಾಣದಿದ್ದರೂ ಅದರ ಗುಂಯ್‌ಗುಡುವಿಕೆ ಯಾರ ಕಡೆಯವನು ಅಂತ ಹೇಳಿಬಿಡುತ್ತಿತ್ತು.

ಹೊಸದರಲ್ಲಿ ನಾನೂ ಒಮ್ಮೆ ಇಂಥದೇ ಗೆರೆ ಹಿಡಿದು ಕುಣಿದಾಡಿದ್ದೆ. ತೆಳ್ಳಗೆ, ನೆಟ್ಟಗೆ, ಬಿಡದೆ ಇಳಿಯುತ್ತಿದ್ದ ಗೆರೆ. ಹಿರಿಯರೊಬ್ಬರು ಬಂದು ನೋಡಿ, ಹಡಗನ್ನು ಸ್ವಲ್ಪ ತಿರುಗಿಸಲು ಹೇಳಿಸಿದರು. ಹಡಗು ತಿರುಗಿತು. ಸದ್ದೂ ಹಡಗಿನ ಜೊತೆಗೇ ತಿರುಗಿತು. "ನಮ್ಮದೇ ಪಂಪ್ ಕಣಯ್ಯಾ," ಅಂದು ಚಹಾ ಕುಡಿಯಲು ಹೋದರು.

ಈ ತಿರುಗಿಸುವ ಉಪಾಯ ಬೇರೆ ಕಡೆಯೂ ಬೇಕಾಗುತ್ತದೆ. ಹಡಗಿನ ಹಿಂದೆ ಬಾಲದಂತೆ ಎಳೆಯುವ ಹೈಡ್ರೋಫೋನ್ ಸಾಲು ಬಹಳ ದೂರದ ಸದ್ದು ಹಿಡಿಯುತ್ತದೆ. ಆದರೆ ಅದು ಎಡದಿಂದ ಬಂತೋ ಬಲದಿಂದ ಬಂತೋ, ಸಾದಾ ಸಾಲಿಗೆ ತಿಳಿಯದು. ಹಡಗು ದಿಕ್ಕು ಬದಲಿಸಿದ ಮೇಲೆ ಎರಡರಲ್ಲಿ ಯಾವುದು ತಾಳೆಯಾಗುತ್ತದೋ ಅದೇ ನಿಜ. ಅಷ್ಟಾದರೂ ದಿಕ್ಕು ಸಿಕ್ಕಿತೇ ಹೊರತು ದೂರ ಸಿಕ್ಕಿಲ್ಲ. ಅದಕ್ಕೂ ಓಡಾಡುತ್ತಲೇ ಲೆಕ್ಕ ಹಾಕಬೇಕು.

"ಮತ್ತೆ ಸುಮ್ನೆ ಪಿಂಗ್ ಹೊಡೆಯಬಾರದಾ?" ಹೊಡೆಯಬಹುದು. ನಾಲ್ಕು ಸೆಕೆಂಡಿಗೆ ಮರುದನಿ ಬಂದರೆ ಮೂರು ಕಿಲೋಮೀಟರ್, ಅಲ್ಲಿಗೆ ಮುಗಿಯಿತು. ಆದರೆ ನಮ್ಮ ಪಿಂಗ್ ಅವನ ಕಿವಿಗೆ ಒಂದೇ ಕಡೆಯ ಪ್ರಯಾಣ, ನಮಗೆ ಹೋಗಿಬರುವ ಪ್ರಯಾಣ. ನಾವು ಅವನನ್ನು ಹಿಡಿಯುವ ಎಷ್ಟೋ ಮೊದಲೇ ಅವನಿಗೆ ನಮ್ಮ ವಿಳಾಸ ಸಿಕ್ಕಿರುತ್ತದೆ. ಬಂದ ಮರುದನಿ ತಿಮಿಂಗಿಲದ್ದೋ, ಹಳೆಯ ಹಡಗಿನ ಅವಶೇಷದ್ದೋ ಆಗಿರಬಹುದು. ಅವಶೇಷವಾದರೆ ಗುರುತಿಸುವುದು ಸುಲಭ. ಅದು ಚಲಿಸುವುದಿಲ್ಲ, ಹಾಗಾಗಿ ಅದರಿಂದಾಗಿ ದನಿಯ ಶ್ರುತಿ ಏರುವುದೂ ಇಲ್ಲ, ಇಳಿಯುವುದೂ ಇಲ್ಲ.

ಸದ್ದು ಬಿಟ್ಟು ಬೇರೆ ದಾರಿಗಳೂ ಇವೆ. ಸಬ್‌ಮರೀನಿನ ಉಕ್ಕು ಭೂಮಿಯ ಕಾಂತಕ್ಷೇತ್ರವನ್ನು ಕದಡುವುದನ್ನು ವಿಮಾನ ಹಿಡಿಯಬಲ್ಲದು, ಆದರೆ ಕೆಲವು ನೂರು ಮೀಟರ್ ಹತ್ತಿರ ಬಂದರೆ ಮಾತ್ರ. ಡೀಸೆಲ್ ಸಬ್‌ಮರೀನ್ ಬ್ಯಾಟರಿ ತುಂಬಿಸಲು ಗಾಳಿಕೊಳವೆ ಮೇಲೆತ್ತಿದಾಗ ರೇಡಾರ್ ಕೆಲಸಕ್ಕೆ ಬರುತ್ತದೆ. ಕ್ವಾಂಟಮ್ ಸಂವೇದಕ, ಕೃತಕ ಬುದ್ಧಿಮತ್ತೆ ಬಂದು ಸಮುದ್ರ ಗಾಜಿನಂತಾಗುತ್ತದೆ ಅನ್ನುವ ಮಾತು ಆಗಾಗ ಕಿವಿಗೆ ಬೀಳುತ್ತದೆ. ಗೆರೆಗಳ ರಾಶಿಯಲ್ಲಿ ಬೇಕಾದದ್ದನ್ನು ಹೆಕ್ಕಲು ಕಂಪ್ಯೂಟರ್ ಖಂಡಿತ ನನಗಿಂತ ವಾಸಿ. ಆದರೆ ಹೈಡ್ರೋಫೋನಿಗೆ ತಲುಪದ ಸದ್ದನ್ನು ಅದಾದರೂ ಎಲ್ಲಿಂದ ಹೆಕ್ಕೀತು?

2009ರ ಫೆಬ್ರವರಿಯಲ್ಲಿ ಅಟ್ಲಾಂಟಿಕ್‌ನಲ್ಲಿ ಬ್ರಿಟನ್ನಿನ ವ್ಯಾನ್‌ಗಾರ್ಡ್ ಮತ್ತು ಫ್ರಾನ್ಸಿನ ಲೆ ಟ್ರಿಯೋಂಫಾಂ ನೀರಿನಡಿ ಡಿಕ್ಕಿ ಹೊಡೆದುಕೊಂಡವು. ಎರಡೂ ಅಣುಶಕ್ತಿಯ ಸಬ್‌ಮರೀನ್‌ಗಳು, ಒಂದೊಂದೂ 140 ಮೀಟರ್ ಆಸುಪಾಸಿನ ಉದ್ದ. ಇಂಥ ಹಡಗುಗಳು ಗಸ್ತಿನಲ್ಲಿ ಪಿಂಗ್ ಹೊಡೆಯುವುದಿಲ್ಲ, ಸದ್ದಿಲ್ಲದೆ ಕಿವಿಗೊಟ್ಟು ಸಾಗುತ್ತವೆ. ಬಡಿದದ್ದು ಏನು ಅಂತಲೂ ಫ್ರಾನ್ಸಿನವರಿಗೆ ಮೊದಲು ತಿಳಿಯಲಿಲ್ಲ. ಮುಳುಗಿದ ಕಂಟೇನರ್ ಇರಬಹುದು ಅಂದರು. ಫ್ರಾನ್ಸಿನ ಹಡಗಿನಲ್ಲಿ ಜಜ್ಜಿಹೋಗಿದ್ದು ಮೂತಿಯಲ್ಲಿದ್ದ ಸೋನಾರ್ ಗುಮ್ಮಟ.