ಸಾಲ ವಸೂಲಿಗೆ ಮಿಡ್ಲ್‌ಸೆಕ್ಸ್‌ನಲ್ಲೊಂದು ಸುಳ್ಳು ಜಗಳ: ಇಂಗ್ಲೆಂಡಿನ ಕೋರ್ಟುಗಳ ವ್ಯಾಪ್ತಿ ಗೋಜಲಾದ ಬಗೆ

ಇಂಗ್ಲೆಂಡಿನ ಹಳೆಯ ತೀರ್ಪುಗಳನ್ನು ಓದಲು ಕೂತವರಿಗೆ ಕಾನೂನಿಗಿಂತ ಮೊದಲು ತಲೆ ಕೆಡಿಸುವುದು ಕೋರ್ಟುಗಳ ಹೆಸರುಗಳು. ಕಿಂಗ್ಸ್ ಬೆಂಚ್, ಕಾಮನ್ ಪ್ಲೀಸ್, ಎಕ್ಸ್‌ಚೆಕರ್, ಚಾನ್ಸರಿ, ಕಡಲ ವ್ಯಾಜ್ಯಗಳ ಅಡ್ಮಿರಾಲ್ಟಿ, ಚರ್ಚಿನ ಕೋರ್ಟು, ಕೌಂಟಿ ಕೋರ್ಟು. 1600ರ ಸುಮಾರಿಗೆ ಅಲ್ಲಿ ಒಬ್ಬನಿಗೆ 50 ಪೌಂಡ್ ಸಾಲ ವಾಪಸು ಬರಬೇಕಿತ್ತು ಅನ್ನಿ. ಪುಸ್ತಕದ ಪ್ರಕಾರ ಅವನು ಕಾಮನ್ ಪ್ಲೀಸ್‌ಗೆ ಹೋಗಬೇಕು. ಆದರೆ ತಿಳಿದ ವಕೀಲ ಅವನನ್ನು ಕಿಂಗ್ಸ್ ಬೆಂಚಿಗೋ ಎಕ್ಸ್‌ಚೆಕರ್‌ಗೋ ಕರೆದುಕೊಂಡು ಹೋಗಬಹುದಿತ್ತು. ಅಲ್ಲಿ ಗೆದ್ದ ತೀರ್ಪನ್ನು ಎದುರಾಳಿ ಚಾನ್ಸರಿಗೆ ಹೋಗಿ ಜಾರಿಯಾಗದಂತೆ ತಡೆಯಲೂಬಹುದಿತ್ತು.

ಶುರುವಿನಲ್ಲಿ ಇಷ್ಟು ತೊಡಕಿರಲಿಲ್ಲ. 1066ರಲ್ಲಿ ನಾರ್ಮನ್ನರು ಬರುವ ಮೊದಲೇ ಹೋಬಳಿಯಂಥ 'ಹಂಡ್ರೆಡ್'ಗೆ ಒಂದು ಸಭೆ, ಜಿಲ್ಲೆಯಂಥ 'ಶೈರ್'ಗೆ ಒಂದು ಸಭೆ ಇದ್ದವು. ಜಮೀನ್ದಾರನಿಗೆ ತನ್ನ ಒಕ್ಕಲುಗಳ ಮೇಲೆ ತನ್ನದೇ ಕೋರ್ಟು. ನಾರ್ಮನ್ನರ ದೊರೆ ವಿಲಿಯಂ ಬಂದ ಮೇಲೆ ಚರ್ಚಿನ ವ್ಯಾಜ್ಯಗಳನ್ನು ಬೇರೆ ಮಾಡಿದ. ಮದುವೆ, ಉಯಿಲು, ಪಾದ್ರಿಗಳ ಅಪರಾಧ ಎಲ್ಲ ಚರ್ಚಿನ ಪಾಲಾದವು. ಈ ಕೊನೆಯದರ ಮೇಲೆಯೇ ಮುಂದೆ ಎರಡನೇ ಹೆನ್ರಿಗೂ ಆರ್ಚ್‌ಬಿಷಪ್ ಥಾಮಸ್ ಬೆಕೆಟ್‌ಗೂ ಜಟಾಪಟಿ ನಡೆದು, 1170ರಲ್ಲಿ ಬೆಕೆಟ್ ತನ್ನ ಚರ್ಚಿನೊಳಗೇ ಕೊಲೆಯಾದ.

ಅದೇ ಹೆನ್ರಿಯ ಕಾಲದಲ್ಲಿ ರಾಜನ ನ್ಯಾಯ ಊರೂರಿಗೆ ಬಂತು. ದುಡ್ಡು ಕೊಟ್ಟು ರಾಜನ ಕಚೇರಿಯಿಂದ 'ರಿಟ್' ಎಂಬ ಆಜ್ಞಾಪತ್ರ ಪಡೆದರೆ ಸಂಚಾರಿ ನ್ಯಾಯಾಧೀಶರ ಮುಂದೆ ದಾವೆ ನಡೆಯುತ್ತಿತ್ತು. 1178ರಲ್ಲಿ ಐವರು ನ್ಯಾಯಾಧೀಶರನ್ನು ಜನರ ದೂರು ಕೇಳಲೆಂದೇ ನೇಮಿಸಿದರು. ರಾಜ ಮಾತ್ರ ಒಂದು ಕಡೆ ನಿಲ್ಲುವವನಲ್ಲ, ಅವನ ಹಿಂದೆ ಕಕ್ಷಿಗಾರರು ಅಲೆಯಬೇಕು. ಹೀಗಾಗಿ 1215ರ ಮ್ಯಾಗ್ನಾ ಕಾರ್ಟಾ ಎಂಬ ಹಕ್ಕುಪತ್ರದ 17ನೇ ಕಲಮು, ಸಾಮಾನ್ಯ ಜನರ ನಡುವಿನ ದಾವೆಗಳು ರಾಜನನ್ನು ಹಿಂಬಾಲಿಸದೆ ಒಂದು ಗೊತ್ತಾದ ಜಾಗದಲ್ಲೇ ನಡೆಯಬೇಕು ಎಂದಿತು. ಆ ಜಾಗ ವೆಸ್ಟ್‌ಮಿನ್‌ಸ್ಟರ್ ಹಾಲ್ ಆಯಿತು, ಕೋರ್ಟು ಕಾಮನ್ ಪ್ಲೀಸ್. 17ನೇ ಶತಮಾನದಲ್ಲಿ ಬಾಗಿಲ ಗಾಳಿ ತಪ್ಪಿಸಲು ಕೋರ್ಟನ್ನು ಸ್ವಲ್ಪ ಹಿಂದಕ್ಕೆ ಸರಿಸೋಣ ಎಂದಾಗ, ಮ್ಯಾಗ್ನಾ ಕಾರ್ಟಾಕ್ಕೆ ಭಂಗ ಬಂದೀತೆಂದು ಮುಖ್ಯ ನ್ಯಾಯಮೂರ್ತಿ ಬ್ರಿಡ್ಜ್‌ಮನ್ ಒಂದಿಂಚೂ ಕದಲಲು ಒಪ್ಪಲಿಲ್ಲವಂತೆ. ರಾಜ ಕಾಯಬೇಕಾದ ನಾಡಿನ ಶಾಂತಿಗೆ ಧಕ್ಕೆ ತರುವ ಪ್ರಕರಣಗಳು ಕಿಂಗ್ಸ್ ಬೆಂಚಿಗೆ, ರಾಜನ ಕಂದಾಯದ ಲೆಕ್ಕ ಎಕ್ಸ್‌ಚೆಕರ್‌ಗೆ ಎಂಬುದು ಅಂದಿನ ಹಂಚಿಕೆ.

ಊರಿನ ಕೋರ್ಟುಗಳು ಸೊರಗಿದ್ದು ಒಂದು ವಿಚಿತ್ರ ವ್ಯಾಖ್ಯಾನದಿಂದ. 40 ಶಿಲ್ಲಿಂಗ್‌ಗಿಂತ (ಅಂದರೆ ಎರಡು ಪೌಂಡ್‌ಗಿಂತ) ಕಡಿಮೆ ಮೊತ್ತದ ದಾವೆಗಳನ್ನು ರಾಜನ ಕೋರ್ಟಿಗೆ ತರಬೇಡಿ ಎಂದು 1278ರ ಗ್ಲಾಸ್ಟರ್ ಶಾಸನ ಹೇಳಿತ್ತು. ನ್ಯಾಯಾಧೀಶರು ಅದನ್ನು ತಿರುವಿ ಓದಿದರು: 40 ಶಿಲ್ಲಿಂಗ್ ದಾಟಿದ್ದನ್ನು ಊರಿನ ಕೋರ್ಟು ಮುಟ್ಟುವಂತಿಲ್ಲ. ಆಗ ಅದು ದೊಡ್ಡ ಹಣ. ಬೆಲೆಗಳು ಏರಿದವು, ಮಿತಿ ಮಾತ್ರ ಹಾಗೇ ನಿಂತಿತು. ಶತಮಾನ ಕಳೆದಂತೆ ಜಿಲ್ಲೆಯ ಕೋರ್ಟಿಗೆ ಉಳಿದದ್ದು ಚಿಲ್ಲರೆ ವ್ಯಾಜ್ಯ. ಉಳಿದದ್ದೆಲ್ಲ ವೆಸ್ಟ್‌ಮಿನ್‌ಸ್ಟರ್‌ಗೆ ಹೋಯಿತು.

ನಿಜವಾದ ಗೋಜಲು ಶುರುವಾಗುವುದು ಈ ವೆಸ್ಟ್‌ಮಿನ್‌ಸ್ಟರ್‌ನೊಳಗೆ. ನ್ಯಾಯಾಧೀಶರ ಮತ್ತು ಗುಮಾಸ್ತರ ಆದಾಯದಲ್ಲಿ ದೊಡ್ಡ ಪಾಲು ಕಕ್ಷಿಗಾರರು ಕಟ್ಟುವ ಫೀಸಿನಿಂದಲೇ ಬರುತ್ತಿತ್ತು. ಕಿಂಗ್ಸ್ ಬೆಂಚಿನ ಪ್ರಧಾನ ಗುಮಾಸ್ತನ ಹುದ್ದೆ ಭಾರಿ ಆದಾಯದ್ದು, ಅದನ್ನು ಯಾರಿಗೆ ಕೊಡಬೇಕೆಂಬುದು ಮುಖ್ಯ ನ್ಯಾಯಮೂರ್ತಿಯ ಕೈಯಲ್ಲಿತ್ತು. ಅಂದಮೇಲೆ ದಾವೆ ಹೆಚ್ಚು ಬಂದಷ್ಟೂ ಲಾಭ. ಸಾಲದ ದಾವೆಗಳೆಲ್ಲ ಕಾಮನ್ ಪ್ಲೀಸ್ ಪಾಲಾಗಿದ್ದವು. ಅವನ್ನು ಕಿಂಗ್ಸ್ ಬೆಂಚಿಗೆ ತರುವುದು ಹೇಗೆ?

ದಾರಿ ಸಿಕ್ಕಿತು. ಕಿಂಗ್ಸ್ ಬೆಂಚ್ ಕೂರುತ್ತಿದ್ದುದು ವೆಸ್ಟ್‌ಮಿನ್‌ಸ್ಟರ್ ಸೇರಿದ್ದ ಮಿಡ್ಲ್‌ಸೆಕ್ಸ್ ಕೌಂಟಿಯಲ್ಲಿ, ಅಂದರೆ ಜಿಲ್ಲೆಯಲ್ಲಿ. ಆ ಕೌಂಟಿಯಲ್ಲಿ ನಡೆದ ಹೊಡೆದಾಟ, ಅತಿಕ್ರಮಣಗಳನ್ನು ರಿಟ್ ಇಲ್ಲದೆಯೇ ವಿಚಾರಿಸುವ ಅಧಿಕಾರ ಅದಕ್ಕಿತ್ತು. ಅದರ ಸೆರೆಯಲ್ಲಿದ್ದ ವ್ಯಕ್ತಿಯ ಮೇಲೆ ಸಾಲವೂ ಸೇರಿದಂತೆ ಬೇರೆ ದಾವೆಗಳನ್ನು ಹೂಡಲೂಬಹುದಿತ್ತು. ಇವೆರಡನ್ನೂ ಹೊಂದಿಸಿದರು. ದೂರದ ಡೆವನ್ ಕೌಂಟಿಯ ಉಣ್ಣೆ ವ್ಯಾಪಾರಿ ನಿಮಗೆ ಸಾಲ ಬಾಕಿ ಇಟ್ಟಿದ್ದಾನೆ ಅನ್ನಿ. ಅವನು ಮಿಡ್ಲ್‌ಸೆಕ್ಸ್‌ನಲ್ಲಿ ನಿಮ್ಮ ಜಾಗಕ್ಕೆ ನುಗ್ಗಿ ದಾಂಧಲೆ ಮಾಡಿದ ಎಂದು ದೂರು ಕೊಡುತ್ತೀರಿ. ಅಂಥ ದಾಂಧಲೆ ನಡೆದೇ ಇಲ್ಲ, ಅದು ಕೋರ್ಟಿಗೂ ಗೊತ್ತು. ಆಸಾಮಿ ಇಲ್ಲಿ ಸಿಗಲಿಲ್ಲ ಎಂದು ಮಿಡ್ಲ್‌ಸೆಕ್ಸ್‌ನಲ್ಲಿ ರಾಜನ ಅಧಿಕಾರಿಯಾದ ಶೆರಿಫ್ ಷರಾ ಬರೆಯುತ್ತಾನೆ. ಆಗ ಡೆವನ್‌ನ ಶೆರಿಫ್‌ಗೆ ಇನ್ನೊಂದು ಆಜ್ಞೆ ಹೋಗುತ್ತದೆ: ಈತ ನಿಮ್ಮ ಕಡೆ ತಲೆಮರೆಸಿಕೊಂಡು ಓಡಾಡುತ್ತಿದ್ದಾನೆ, ಹಿಡಿಯಿರಿ. ತನ್ನ ಅಂಗಡಿಯಲ್ಲಿ ತಾನು ಕೂತಿದ್ದ ಮನುಷ್ಯ ಸೆರೆಯಾಗುತ್ತಾನೆ, ಇಲ್ಲವೇ ಜಾಮೀನು ಕೊಡುತ್ತಾನೆ. ಜಾಮೀನು ಕೊಟ್ಟರೂ ಲೆಕ್ಕಕ್ಕೆ ಸೆರೆಯಲ್ಲಿದ್ದ ಹಾಗೆಯೇ. ಅಲ್ಲಿಗೆ ದಾಂಧಲೆಯ ಮಾತು ಮುಗಿಯಿತು, ಸಾಲದ ದಾವೆ ಶುರು. ಬರಬರುತ್ತಾ ಮೊದಲ ಹೆಜ್ಜೆಯನ್ನೂ ಬಿಟ್ಟು ನೇರವಾಗಿ ಎರಡನೆಯ ಆಜ್ಞೆಯನ್ನೇ ಹೊರಡಿಸತೊಡಗಿದರು. ದಾವೆ ನಡೆಸುತ್ತೇನೆಂಬುದಕ್ಕೆ ವಾದಿ ಕೊಡಬೇಕಾದ ಹೊಣೆಗಾರರ ಜಾಗದಲ್ಲಿ ಇರುತ್ತಿದ್ದದ್ದು ಜಾನ್ ಡೋ, ರಿಚರ್ಡ್ ರೋ ಎಂಬ ಇಲ್ಲದ ಮನುಷ್ಯರ ಹೆಸರು.

ಇದರಿಂದ ವಾದಿಗೆ ಅನುಕೂಲವಿತ್ತು ಎನ್ನುವುದನ್ನು ಮರೆಯಬಾರದು. ಕಾಮನ್ ಪ್ಲೀಸ್‌ನಲ್ಲಿ ಸಾಲ 40 ಪೌಂಡ್ ದಾಟಿದರೆ ರಿಟ್‌ಗೆಂದು ರಾಜನಿಗೆ ಹೆಚ್ಚುವರಿ ಹಣ ಕಟ್ಟಬೇಕಿತ್ತು. ವಾದ ಮಾಡಲು ಸಾರ್ಜೆಂಟ್ ಎಂಬ ಕೆಲವೇ ಹಿರಿಯ ವಕೀಲರಿಗೆ ಮಾತ್ರ ಹಕ್ಕು. ಕಿಂಗ್ಸ್ ಬೆಂಚಿನ ದಾರಿ ಅಗ್ಗವಾಗಿತ್ತು, ಚುರುಕಾಗಿತ್ತು. ತಾನು ಯಾವ ಆರೋಪದ ಮೇಲೆ ಸೆರೆಯಾದೆ ಎಂಬುದೇ ಅರ್ಥವಾಗದ ಡೆವನ್‌ನವನ ಪಾಡನ್ನು ಮಾತ್ರ ಈ ಲೆಕ್ಕದಲ್ಲಿ ಹಿಡಿದಂತೆ ಕಾಣುವುದಿಲ್ಲ.

ಎಕ್ಸ್‌ಚೆಕರ್ ಸುಮ್ಮನೆ ಕೂರಲಿಲ್ಲ. 'ನಾನು ರಾಜನಿಗೆ ಬಾಕಿದಾರ, ಇವನು ನನ್ನ ಸಾಲ ಕೊಡದೇ ಇರುವುದರಿಂದ ರಾಜನ ಬಾಕಿ ತೀರಿಸಲು ನನ್ನ ಕೈ ಸಾಗುತ್ತಿಲ್ಲ' ಎಂದು ಬರೆದರೆ ಅಲ್ಲಿ ಯಾರ ಸಾಲದ ದಾವೆಯೂ ನಡೆಯುತ್ತಿತ್ತು. ರಾಜನಿಗೆ ನಿಜಕ್ಕೂ ಬಾಕಿ ಇದೆಯೇ ಎಂದು ಕೇಳುವವರಿಲ್ಲ. ನಿಜವಾದ ಕಾರಣ ಬರೆಯದಿದ್ದರೆ ಭಾರಿ ಜಾಮೀನು ಕೇಳುವಂತಿಲ್ಲ ಎಂದು 1661ರಲ್ಲಿ ಪಾರ್ಲಿಮೆಂಟ್ ಕಾಯ್ದೆ ತಂದಾಗ, ಕಿಂಗ್ಸ್ ಬೆಂಚಿನವರು 'ದಾಂಧಲೆ, ಜೊತೆಗೆ ಇಷ್ಟು ಸಾಲ' ಎಂದು ಒಂದು ಸಾಲು ಸೇರಿಸಿ ಪಾರಾದರು. ಕಾಮನ್ ಪ್ಲೀಸ್ ಕೂಡ ಅದೇ ಯುಕ್ತಿಯನ್ನು ಕಲಿತಿತು.

ವಿದೇಶದ ವ್ಯಾಜ್ಯಕ್ಕೂ ಇದೇ ಮದ್ದು. ಮೆಡಿಟರೇನಿಯನ್ ಸಮುದ್ರದ ಮಿನೋರ್ಕ ದ್ವೀಪದ ಗವರ್ನರ್ ಮೇಲೆ ಅಲ್ಲಿನವನೊಬ್ಬ ಹೂಡಿದ ದಾವೆ 1774ರಲ್ಲಿ ಕಿಂಗ್ಸ್ ಬೆಂಚಿಗೆ ಬಂದಾಗ, ಕಾಗದದ ಪ್ರಕಾರ ಮಿನೋರ್ಕ ಇದ್ದದ್ದು ಲಂಡನ್ನಿನ ಚೀಪ್ ವಾರ್ಡಿನಲ್ಲಿ!

ಚಾನ್ಸರಿಯ ಜಗಳ ಬೇರೆಯದೇ ಬಗೆ. ರೂಢಿಯ ಕಾನೂನಿನಿಂದ ಅನ್ಯಾಯವಾದಾಗ ಮನಸ್ಸಾಕ್ಷಿಯ ಮೇಲೆ ಪರಿಹಾರ ಕೊಡುವುದು ಅದರ ಕೆಲಸ. ಮೋಸದಿಂದ ಪಡೆದ ತೀರ್ಪನ್ನೂ ಅದು ಜಾರಿಯಾಗದಂತೆ ತಡೆಯಬಹುದೇ ಎಂದು ಕಿಂಗ್ಸ್ ಬೆಂಚಿನ ಮುಖ್ಯ ನ್ಯಾಯಮೂರ್ತಿ ಕೋಕ್ ಮತ್ತು ಚಾನ್ಸರಿಯ ಮುಖ್ಯಸ್ಥನಾದ ಚಾನ್ಸಲರ್ ಎಲ್ಸ್‌ಮಿಯರ್ ನಡುವೆ ತಿಕ್ಕಾಟ ನಡೆದು, 1616ರಲ್ಲಿ ದೊರೆ ಜೇಮ್ಸ್ ಚಾನ್ಸರಿಯ ಪರ ನಿಂತ. ಅದೇ ವರ್ಷ ಕೋಕ್ ಹುದ್ದೆ ಕಳೆದುಕೊಂಡ. ಮುಂದಿನ ಎರಡೂವರೆ ಶತಮಾನ ಒಂದೇ ಆಸ್ತಿಗಾಗಿ ಎರಡು ಕೋರ್ಟುಗಳ ನಡುವೆ ಓಡಾಡಿದವರಿಗೆ, ಗೆದ್ದವ ಸೋತ, ಸೋತವ ಸತ್ತ ಎಂಬ ನಮ್ಮ ಗಾದೆ ಸರಿಯಾಗಿಯೇ ಒಪ್ಪುತ್ತದೆ.

ಬಿಚ್ಚುವ ಕೆಲಸ 19ನೇ ಶತಮಾನದ್ದು. 1832ರಲ್ಲಿ ಮಿಡ್ಲ್‌ಸೆಕ್ಸ್ ನಾಟಕ ನಿಂತಿತು. 1846ರಲ್ಲಿ 20 ಪೌಂಡ್‌ವರೆಗಿನ ದಾವೆಗೆ ಹೊಸ ಕೌಂಟಿ ಕೋರ್ಟುಗಳು ಬಂದವು. 1873ರ ಕಾಯ್ದೆ ಕಿಂಗ್ಸ್ ಬೆಂಚ್, ಕಾಮನ್ ಪ್ಲೀಸ್, ಎಕ್ಸ್‌ಚೆಕರ್, ಚಾನ್ಸರಿ, ಅಡ್ಮಿರಾಲ್ಟಿಗಳನ್ನು ಒಂದೇ ಹೈಕೋರ್ಟಿನೊಳಗೆ ಸೇರಿಸಿತು, ಅದು 1875ರಲ್ಲಿ ಜಾರಿಯಾಯಿತು.

ಅಷ್ಟರಲ್ಲಿ ಹಳೆಯ ಹಂಚಿಕೆ ಹಡಗು ಹತ್ತಿ ಇಲ್ಲಿಗೂ ಬಂದಿತ್ತು. 1774ರಲ್ಲಿ ಕಲ್ಕತ್ತದಲ್ಲಿ ಸುಪ್ರೀಂ ಕೋರ್ಟ್ ಶುರುವಾಯಿತು. ಸುಮಾರು ಐದು ವರ್ಷಕ್ಕೆ, ಬಂಗಾಳದ ಜಮೀನ್ದಾರನಾದ ಕಾಸಿಜೋರದ ರಾಜನನ್ನು ಹಿಡಿಯಲು ಹೊರಟ ಕೋರ್ಟಿನ ಜನರನ್ನು ಗವರ್ನರ್ ಜನರಲ್‌ನ ಸಿಪಾಯಿಗಳೇ ತಡೆದರು. 1781ರಲ್ಲಿ ಪಾರ್ಲಿಮೆಂಟ್ ಕೋರ್ಟಿನ ವ್ಯಾಪ್ತಿಯನ್ನೇ ಕತ್ತರಿಸಿತು. ಸಂವಿಧಾನದ 226ನೇ ವಿಧಿಯಲ್ಲಿ ಹೆಸರಿಸಿರುವ ರಿಟ್‌ಗಳ ಮೂಲ ಕಿಂಗ್ಸ್ ಬೆಂಚೇ. ಕಲ್ಕತ್ತ, ಬಾಂಬೆ, ಮದ್ರಾಸ್ ಹೈಕೋರ್ಟುಗಳು 1862ರಲ್ಲಿ ರಾಣಿಯ ಸನದಿನ ಮೇಲೆ ಹುಟ್ಟಿದ್ದರಿಂದ ತಮ್ಮ ಊರಿನ ಸಿವಿಲ್ ದಾವೆಗಳನ್ನು ತಾವೇ ಮೊದಲು ಕೇಳುವ ಅಧಿಕಾರವೂ ಅವಕ್ಕೆ ಬಂತು. ಮೈಸೂರಿನ ಚೀಫ್ ಕೋರ್ಟು 1884ರಲ್ಲಿ ಸಂಸ್ಥಾನದ್ದಾಗಿ ಹುಟ್ಟಿತು, 1930ರಲ್ಲಿ ಹೈಕೋರ್ಟಾಯಿತು. ಹೈಕೋರ್ಟೇ ಮೊದಲು ದಾವೆ ಕೇಳುವ ಆ ಪದ್ಧತಿ ಮೈಸೂರಿಗೆ ಬರಲೇ ಇಲ್ಲ. ಬೆಂಗಳೂರಿನಲ್ಲಿ ಎಷ್ಟೇ ಕೋಟಿಯ ನಿವೇಶನದ ತಕರಾರಾದರೂ ದಾವೆ ಹೂಡಲು ಹೋಗಬೇಕಾದದ್ದು ಸಿಟಿ ಸಿವಿಲ್ ಕೋರ್ಟಿಗೆ.